ವಿಶ್ರಾಂತಿ ಕೋನ: ರಾಶಿಗೆ ಸರಿ, ಬರೆಗೆ?

ಎರಡು ಮಳೆಗಾಲದ ಹಿಂದೆ ಭಾವನ ಮನೆಯ ಹಿಂದಿನ ಬರೆ ಜರಿಯಿತು. ಬಟ್ಟೆ ಒಗೆಯುವ ಕಲ್ಲು, ಎರಡು ಕಂಗು, ಒಂದು ನೀರಿನ ಡ್ರಮ್ಮು ಮಣ್ಣಿನಡಿಗೆ ಹೋದವು. ಪುಣ್ಯಕ್ಕೆ ಜನ ಯಾರೂ ಅಲ್ಲಿರಲಿಲ್ಲ. ಮಳೆ ಬಿಟ್ಟ ಮೇಲೆ ಒಬ್ಬ ಇಂಜಿನಿಯರ್ ಬಂದು ನೋಡಿದರು. ಹಾಳೆಯಲ್ಲೊಂದು ಓರೆ ಗೆರೆ ಎಳೆದು, ಪಕ್ಕದಲ್ಲಿ ‘ಆಂಗಲ್ ಆಫ್ ರಿಪೋಸ್ 35’ ಎಂದು ಬರೆದು ಹೋದರು.

ಭಾವ ಆ ಹಾಳೆಯನ್ನು ನನ್ನ ಮುಂದೆ ಹಿಡಿದ. “ರಿಪೋಸ್ ಅಂದ್ರೆ ವಿಶ್ರಾಂತಿ ಅಲ್ವಾ? ಇಲ್ಲಿ ವಿಶ್ರಾಂತಿ ಯಾರಿಗೆ ಭಾವ, ಮಣ್ಣಿಗಾ ನಮಗಾ?”

ಘಟ್ಟದ ಮೇಲಿನವರಿಗೆ ಒಂದು ಮಾತು. ಕಾಸರಗೋಡಿನ ಕಡೆ ಗುಡ್ಡ ಕಡಿದು ಮನೆಯಡಿ ಮಾಡುತ್ತೇವಲ್ಲ, ಆಗ ಹಿಂದೆ ಉಳಿಯುವ ನೆಟ್ಟಗಿನ ಮಣ್ಣಿನ ಗೋಡೆಯೇ ಬರೆ. ನೀವು ದರೆ ಎನ್ನುತ್ತೀರಿ. ಅದು ಬಿದ್ದರೆ ನಾವು ‘ಕುಸಿಯಿತು’ ಎನ್ನುವುದು ಕಡಿಮೆ, ‘ಜರಿಯಿತು’ ಎನ್ನುವುದೇ ಜಾಸ್ತಿ. ಸಮತಟ್ಟು ಜಾಗ ಕಡಿಮೆ ಇರುವ ಈ ಜಿಲ್ಲೆಯಲ್ಲಿ ಬರೆ ಇಲ್ಲದ ಹಿತ್ತಿಲು ಹುಡುಕಬೇಕು.

ಆಂಗಲ್ ಆಫ್ ರಿಪೋಸ್ ಅನ್ನು ಕನ್ನಡದಲ್ಲಿ ವಿಶ್ರಾಂತಿ ಕೋನ ಎನ್ನಬಹುದು. ಪದ ಅಪರೂಪ, ವಿಷಯ ಅಪರೂಪ ಅಲ್ಲ. ಒಣಗಿದ ಕಾಳು, ಮರಳು, ಜಲ್ಲಿ ಯಾವುದನ್ನೇ ಮೇಲಿನಿಂದ ಸುರಿಯಿರಿ. ರಾಶಿ ಸ್ವಲ್ಪ ಎತ್ತರಕ್ಕೆ ಏರುತ್ತದೆ, ಆಮೇಲೆ ಬದಿಯಿಂದ ಜಾರುತ್ತದೆ, ಮತ್ತೆ ಏರುತ್ತದೆ, ಮತ್ತೆ ಜಾರುತ್ತದೆ. ಜಾರಾಟ ನಿಂತ ಮೇಲೆ ಬದಿಯ ಓರೆ ನೆಲಕ್ಕೆ ಎಷ್ಟು ಡಿಗ್ರಿ ಇದೆಯೋ ಅದೇ ಆ ವಸ್ತುವಿನ ವಿಶ್ರಾಂತಿ ಕೋನ.

ಭಾವನ ಅಂಗಳದಲ್ಲಿ ಮನೆ ಕಟ್ಟಿ ಉಳಿದ ಮರಳಿನ ರಾಶಿ ಇತ್ತು. ಟೇಪು ಹಿಡಿದು ಅಳೆದೆವು. ಎತ್ತರ 65 ಸೆಂಟಿಮೀಟರ್, ಬುಡದ ಅಡ್ಡಗಲ 2 ಮೀಟರ್. ಲೆಕ್ಕ ಹಾಕಿದರೆ 33 ಡಿಗ್ರಿ. ಅದೇ ಮರಳನ್ನು ಒಂದು ಲೋಟದಲ್ಲಿ ತುಂಬಿ ಕಾಗದದ ಮೇಲೆ ಸುರಿದೆವು. ರಾಶಿ ಬೆರಳುದ್ದ ಮಾತ್ರ, ಓರೆ ಮಾತ್ರ ಹೆಚ್ಚುಕಡಿಮೆ ಅದೇ. ಭಾವನಿಗೆ ಇದು ನಂಬಲಾಗಲಿಲ್ಲ. ರಾಶಿ ದೊಡ್ಡದಾದರೆ ಭಾರ ಜಾಸ್ತಿ, ಹಾಗಾಗಿ ಹೆಚ್ಚು ಜಾರಬೇಕು ಎಂಬುದು ಅವನ ಲೆಕ್ಕ. ಆದರೆ ಭಾರ ಎರಡು ಕೆಲಸ ಮಾಡುತ್ತದೆ. ಕಾಳನ್ನು ಕೆಳಗೆ ಎಳೆಯುತ್ತದೆ, ಅದರ ಅಡಿಯ ಕಾಳಿಗೆ ಒತ್ತಿಯೂ ಹಿಡಿಯುತ್ತದೆ. ಎರಡೂ ಒಟ್ಟಿಗೆ ಹೆಚ್ಚುತ್ತವೆ. ಹಾಗಾಗಿ ಒಣ ರಾಶಿಯ ಓರೆಯನ್ನು ತೀರ್ಮಾನಿಸುವುದು ಅದರ ಗಾತ್ರ ಅಲ್ಲ, ಕಾಳಿಗೂ ಕಾಳಿಗೂ ನಡುವಿನ ಉಜ್ಜಾಟ. ಅಡುಗೆಮನೆಯಲ್ಲೇ ನೋಡಬಹುದು. ಉರುಟು ಸಾಸಿವೆ ಚಪ್ಪಟೆಯಾಗಿ ಹರಡಿಕೊಳ್ಳುತ್ತದೆ, ಅವಲಕ್ಕಿ ಗೋಪುರದ ಹಾಗೆ ನಿಲ್ಲುತ್ತದೆ.

ಹಿಂದೆ ಸೇರಿನಲ್ಲಿ ಅಳೆಯುವಾಗ ಇದರ ಮೇಲೆಯೇ ಜಗಳ ಆಗುತ್ತಿತ್ತು. ಬಾಯಿಮಟ್ಟಕ್ಕೆ ಒರೆಸಿ ಅಳೆದರೆ ಒಂದು ಲೆಕ್ಕ, ಮೇಲೆ ಗೋಪುರ ನಿಲ್ಲಿಸಿ ಅಳೆದರೆ ಇನ್ನೊಂದು. ಗೋಪುರದ ಓರೆ ಕಾಳಿನ ಕೈಯಲ್ಲಿ, ಆದರೆ ಗೋಪುರದ ಗಾತ್ರ ಸೇರಿನ ಬಾಯಗಲದ ಕೈಯಲ್ಲಿ. ಬಾಯಿ ಎರಡು ಪಾಲು ಅಗಲವಾದರೆ ಮೇಲಿನ ಗೋಪುರ ಎಂಟು ಪಾಲು ಆಗುತ್ತದೆ. ಅಗಲ ಬಾಯಿಯ ಅಳತೆಪಾತ್ರೆ ಯಾರಿಗೆ ಲಾಭ ಎಂದು ಕೊಳ್ಳುವವನಿಗೂ ಗೊತ್ತಿತ್ತು, ಮಾರುವವನಿಗೂ ಗೊತ್ತಿತ್ತು.

ಈ ಕೋನವನ್ನು ನಮಗಿಂತ ಚೆನ್ನಾಗಿ ಬಲ್ಲ ಒಂದು ಹುಳ ಇದೆ. ಮಾಡಿನ ಅಂಚಿನಡಿ, ಮಳೆಹನಿ ಬೀಳದ ಪುಡಿಮಣ್ಣಿನಲ್ಲಿ ಪುಟ್ಟ ಪುಟ್ಟ ಆಲಿಕೆಯ ಹಾಗೆ ಗುಂಡಿ ಮಾಡಿಕೊಂಡು ಕೂರುತ್ತದಲ್ಲ, ಅದು. ನಮ್ಮ ಮಲಯಾಳಿ ನೆರೆಯವರು ಅದಕ್ಕೆ ಕುಳಿಯಾನ ಎನ್ನುತ್ತಾರೆ, ಕುಳಿಯೊಳಗಿನ ಆನೆ. ಅದರ ಗುಂಡಿಯ ಬದಿ ಜಾರುವ ಅಂಚಿನಲ್ಲೇ ಇರುತ್ತದೆ. ಸುಮ್ನೆ ಬಿಟ್ಟರೆ ನಿಂತೇ ಇರುತ್ತದೆ. ಒಂದು ಇರುವೆ ಕಾಲಿಟ್ಟರೆ ಸಾಕು, ಮಣ್ಣು ಇರುವೆ ಸಮೇತ ಕೆಳಗೆ. ಇಲ್ಲಿ ಒಂದು ಸೂಕ್ಷ್ಮ ಇದೆ. ರಾಶಿಗೆ ನಿಜವಾಗಿ ಎರಡು ಕೋನಗಳು. ಜಾರಲು ಶುರುವಾಗುವ ಕೋನ ಒಂದು, ಜಾರಿ ನಿಂತ ಮೇಲಿನ ಕೋನ ಇನ್ನೊಂದು. ಎರಡನೆಯದು ಒಂದೆರಡು ಡಿಗ್ರಿ ಕಡಿಮೆ. ವಿಶ್ರಾಂತಿ ಎನ್ನುವುದು ಆ ಎರಡನೆಯದಕ್ಕೆ. ಅಂದರೆ ಹೆಸರಿನಲ್ಲೇ ಇದೆ, ಇದು ಬಿದ್ದು ಮುಗಿದ ಮೇಲಿನ ಸ್ಥಿತಿ.

ಬೇರೆ ಭಾಷೆಯವರು ಇದನ್ನು ಬೇರೆ ರೀತಿ ಕಂಡಿದ್ದಾರೆ. ಜರ್ಮನರದ್ದು ಶುಟ್‌ವಿಂಕೆಲ್, ಸುರಿದಾಗ ಆಗುವ ಕೋನ. ಫ್ರೆಂಚರಲ್ಲಿ ‘ಸಹಜ ಓರೆ’ ಎಂಬ ಅರ್ಥದ ಮಾತೂ ಇದೆ. ನನಗೆ ಜರ್ಮನರದ್ದೇ ಇಷ್ಟ. ‘ಸುರಿದದ್ದು’ ಎಂಬ ಎಚ್ಚರಿಕೆ ಅದರೊಳಗೇ ಇದೆ. ‘ವಿಶ್ರಾಂತಿ’ ಎಂದ ಕೂಡಲೇ ನಾವು ನಿಶ್ಚಿಂತೆ ಎಂದುಕೊಂಡುಬಿಡುತ್ತೇವೆ.

ಭಾವನ ಹಿತ್ತಿಲಿನ ತೊಡಕೂ ಇಲ್ಲೇ ಇತ್ತು. ಬರೆಯನ್ನು ಯಾರೂ ಸುರಿದು ಮಾಡಿದ್ದಲ್ಲ, ಕಡಿದು ಮಾಡಿದ್ದು.

ಈ ಎರಡರ ವ್ಯತ್ಯಾಸ ಇಂಜಿನಿಯರುಗಳಿಗೇ ಅರ್ಥವಾಗಲು ಸುಮಾರು ನೂರೈವತ್ತು ವರ್ಷ ಹಿಡಿಯಿತು. ವಿದ್ಯುತ್ತಿನ ಪಾಠದಲ್ಲಿ ನಾವೆಲ್ಲ ಹೆಸರು ಕೇಳಿರುವ ಕೂಲಂಬ್ ಮೊದಲು ಫ್ರೆಂಚ್ ಸೇನೆಯ ಇಂಜಿನಿಯರ್. 1764ರಿಂದ 1772ರವರೆಗೆ ಕೆರಿಬಿಯನ್‌ನ ಮಾರ್ಟಿನಿಕ್ ದ್ವೀಪದಲ್ಲಿ ಕೋಟೆ ಕಟ್ಟಿಸುತ್ತಿದ್ದವನು. ಮಣ್ಣು ತಡೆಯುವ ಗೋಡೆ ಎಷ್ಟು ದಪ್ಪ ಇರಬೇಕು ಎಂಬುದು ಅವನ ದಿನನಿತ್ಯದ ತಲೆಬಿಸಿ. ವಾಪಸ್ ಬಂದು 1773ರಲ್ಲಿ ಪ್ಯಾರಿಸ್‌ನ ಅಕಾಡೆಮಿಯಲ್ಲಿ ಒಂದು ಪ್ರಬಂಧ ಓದಿದ. ಅದು ಅಚ್ಚಾದದ್ದು 1776ರಲ್ಲಿ. ಮಣ್ಣನ್ನು ಹಿಡಿದಿಡುವುದು ಎರಡು ಸಂಗತಿ ಎಂದು ಅವನು ಬೇರೆ ಮಾಡಿ ತೋರಿಸಿದ. ಒಂದು ಉಜ್ಜಾಟ, ಇನ್ನೊಂದು ಅಂಟು. ಮರಳಿಗೆ ಉಜ್ಜಾಟ ಮಾತ್ರ ಇದೆ. ಜೇಡಿಗೆ ಅಂಟೂ ಇದೆ. ಅಂಟು ಇರುವ ಮಣ್ಣನ್ನು ವಿಶ್ರಾಂತಿ ಕೋನಕ್ಕಿಂತ ಎಷ್ಟೋ ನೆಟ್ಟಗೆ ಕಡಿಯಬಹುದು, ಅದು ನಿಲ್ಲುತ್ತದೆ.

ಎಷ್ಟು ದಿನ ನಿಲ್ಲುತ್ತದೆ? ಈ ಪ್ರಶ್ನೆಯನ್ನು ಹಿಡಿದವರು ಗ್ಲಾಸ್ಗೋದ ಪ್ರೊಫೆಸರ್ ರ‍್ಯಾಂಕಿನ್. ಸಡಿಲ ಮಣ್ಣಿನ ಸ್ಥಿರತೆಯ ಬಗ್ಗೆ 1857ರಲ್ಲಿ ಬರೆದ ಅವರು ಅಂಟನ್ನು ಲೆಕ್ಕದಿಂದಲೇ ತೆಗೆದುಹಾಕಿದರು. ಗಾಳಿ, ತೇವ, ಹವೆಯ ಏರಿಳಿತಕ್ಕೆ ಅಂಟು ಕಾಲಕ್ರಮದಲ್ಲಿ ಹೋಗುತ್ತದೆ, ಕೊನೆಗೆ ಉಳಿಯುವುದು ಉಜ್ಜಾಟ ಒಂದೇ, ಅದನ್ನು ಮಾತ್ರ ನಂಬಿ ಎಂಬುದು ಅವರ ವಾದ. ಅವರ ಕೈಪಿಡಿಯಲ್ಲಿ ವಿಶ್ರಾಂತಿ ಕೋನಗಳ ಒಂದು ಪುಟ್ಟ ಪಟ್ಟಿ ಇದೆ. ಒಣ ಮರಳು, ಜೇಡಿ, ಮಿಶ್ರ ಮಣ್ಣಿಗೆ 37ರಿಂದ 21 ಡಿಗ್ರಿ. ಪಸೆ ಇರುವ ಜೇಡಿಗೆ 45. ಪೂರ್ತಿ ಒದ್ದೆಯಾದ ಜೇಡಿಗೆ 17ರಿಂದ 14.

ಕೊನೆಯ ಎರಡನ್ನು ಮತ್ತೊಮ್ಮೆ ನೋಡಿ. ಅದೇ ಜೇಡಿ. ಸ್ವಲ್ಪ ಪಸೆಯಿದ್ದರೆ 45, ನೆನೆದರೆ 14. ಕಂಟ್ರಾಕ್ಟರುಗಳ ಬಾಯಿಗೆ ಬಂದ ‘ಒಂದಕ್ಕೆ ಒಂದೂವರೆ’ ಓರೆ, ಅಂದರೆ ಸುಮಾರು 34 ಡಿಗ್ರಿ, ಇವೆರಡರ ನಡುವೆ ಎಲ್ಲೋ ಇದೆ. ಒಂದು ಕೋನ ಬರೆದುಕೊಟ್ಟು ಅದರ ಪಕ್ಕದಲ್ಲಿ ನೀರೆಷ್ಟು ಎಂದು ಬರೆಯದಿದ್ದರೆ ಆ ಹಾಳೆ ಅರ್ಧ ಹಾಳೆ.

ರ‍್ಯಾಂಕಿನ್‌ಗಿಂತ ಮೊದಲೇ, 1846ರಲ್ಲಿ, ಅಲೆಕ್ಸಾಂದ್ರ್ ಕೊಲಾಂ ಎಂಬ ಫ್ರೆಂಚ್ ಇಂಜಿನಿಯರ್ ಜಾರಿದ ಜೇಡಿಯನ್ನು ಅಗೆದು ನೋಡಿ, ಅದು ರಾಶಿಯ ಹಾಗೆ ಮೇಲ್ಮೈಯಲ್ಲಿ ಜಾರುವುದಿಲ್ಲ, ಒಳಗೆ ಆಳದಲ್ಲಿ ಬಾಗಿದ ಒಂದು ಸೀಳಿನ ಮೇಲೆ ಜಾರುತ್ತದೆ ಎಂದು ತೋರಿಸಿದ್ದ. ಆ ಪುಸ್ತಕವನ್ನು ಜನ ಮರೆತರು. 1916ರಲ್ಲಿ ಸ್ವೀಡನ್ನಿನ ಗೋಥೆನ್‌ಬರ್ಗ್ ಬಂದರಿನಲ್ಲಿ ಕಟ್ಟೆ ಜಾರಿ ನೀರಿಗೆ ಹೋದಾಗ ಅಲ್ಲಿನವರು ಅದೇ ಬಾಗಿದ ಸೀಳನ್ನು ಮತ್ತೆ ಕಂಡುಹಿಡಿಯಬೇಕಾಯಿತು. ಕೊನೆಗೆ 1925ರಲ್ಲಿ ಕಾರ್ಲ್ ಟರ್ಜಾಗಿ ಮಣ್ಣಿನ ಶಾಸ್ತ್ರಕ್ಕೆ ಬುನಾದಿ ಹಾಕಿದ ಪುಸ್ತಕ ತಂದ. ಅವನು ಹೇಳಿದ ದೊಡ್ಡ ಮಾತು ಸರಳ. ಮೇಲಿನ ಭಾರವನ್ನು ಮಣ್ಣಿನ ಕಣಗಳೂ ಕಣಗಳ ನಡುವಿನ ನೀರೂ ಹಂಚಿಕೊಳ್ಳುತ್ತವೆ. ನೀರಿನ ಒತ್ತಡ ಹೆಚ್ಚಾದಷ್ಟು ಕಣಗಳು ಒಂದನ್ನೊಂದು ಹಿಡಿದುಕೊಳ್ಳುವುದು ಕಡಿಮೆಯಾಗುತ್ತದೆ. ನಾವು ‘ನೀರು ಸೇರಿ ಎಣ್ಣೆಯ ಹಾಗೆ ಜಾರಿತು’ ಎನ್ನುತ್ತೇವೆ. ಟರ್ಜಾಗಿ ಅದನ್ನು ಒಪ್ಪುತ್ತಿರಲಿಲ್ಲ. ನೀರು ಜಾರಿಸುವುದಿಲ್ಲ, ಕೈ ಬಿಡಿಸುತ್ತದೆ.

ಬೇಕಲದ ಕಡಲ ದಂಡೆಗೆ ಮಕ್ಕಳನ್ನು ಕರೆದುಕೊಂಡು ಹೋದರೆ ಇಷ್ಟೂ ಶಾಸ್ತ್ರ ಅರ್ಧ ಗಂಟೆಯಲ್ಲಿ ಕಾಣುತ್ತದೆ. ಮೇಲಿನ ಒಣ ಮರಳಿನಲ್ಲಿ ಮನೆ ಕಟ್ಟಲಾಗುವುದಿಲ್ಲ, 33 ಡಿಗ್ರಿಗೆ ಬಂದು ಕೂರುತ್ತದೆ. ಸ್ವಲ್ಪ ಕೆಳಗೆ, ಪಸೆ ಇರುವಲ್ಲಿ, ನೆಟ್ಟಗಿನ ಗೋಡೆಯೇ ನಿಲ್ಲುತ್ತದೆ. ಕಣಗಳ ನಡುವಿನ ತೆಳು ನೀರು ಅವನ್ನು ಒಟ್ಟಿಗೆ ಎಳೆದುಕೊಂಡಿರುತ್ತದೆ. ಅಲೆ ಬಂದು ಮರಳು ಪೂರ್ತಿ ನೆನೆಯಿತೋ, ಅದೇ ನೀರು ಗೋಡೆಯನ್ನು ಗಂಜಿ ಮಾಡುತ್ತದೆ.

ಈಗ ನಮ್ಮ ಗುಡ್ಡಕ್ಕೆ ಬರೋಣ. ಇದರ ಮಣ್ಣಿಗೆ ಜಗತ್ತಿನ ಶಾಸ್ತ್ರದಲ್ಲಿ ಹೆಸರು ಕೊಟ್ಟದ್ದೇ ಮಲಬಾರಿನಿಂದ. 1800ರ ಕೊನೆಗೆ ಫ್ರಾನ್ಸಿಸ್ ಬುಕಾನನ್ ಎಂಬ ವೈದ್ಯ ಅಂಗಾಡಿಪುರಂ ಹತ್ತಿರ ಈ ಕೆಂಪುಕಲ್ಲನ್ನು ಗಮನಿಸಿದ. ನೆಲದಲ್ಲಿರುವಾಗ ಕಬ್ಬಿಣದ ಹತಾರದಿಂದ ಕಡಿಯುವಷ್ಟು ಮೆದು, ಕಡಿದು ಗಾಳಿಗೆ ಇಟ್ಟರೆ ಇಟ್ಟಿಗೆಯ ಹಾಗೆ ಗಟ್ಟಿ. 1807ರ ತನ್ನ ಪುಸ್ತಕದಲ್ಲಿ ಇಟ್ಟಿಗೆ ಎಂಬ ಅರ್ಥದ ಲ್ಯಾಟಿನ್ ಪದದಿಂದ ಅದಕ್ಕೆ ಲ್ಯಾಟರೈಟ್ ಎಂದ. ನಮಗದು ಮುರಕಲ್ಲು. ಬೇಕಲ ಕೋಟೆ ಅದರದ್ದೇ, ನಮ್ಮ ಹೆಚ್ಚಿನ ಮನೆಗಳೂ ಅದರದ್ದೇ.

ಗಾಳಿ ತಾಗಿ ಅಂಟು ಹೋಗುತ್ತದೆ ಎಂದರು ರ‍್ಯಾಂಕಿನ್. ಇಲ್ಲಿ ಗಾಳಿ ತಾಗಿದರೆ ಗಟ್ಟಿಯಾಗುತ್ತದೆ! ಕಾಸರಗೋಡಿನ ಸುರಂಗಗಳು ನಿಂತಿರುವುದು ಈ ಗುಣದ ಮೇಲೆ. ನೀರಿಗಾಗಿ ಗುಡ್ಡದೊಳಗೆ ಅಡ್ಡಕ್ಕೆ ಕೊರೆದ, ಒಬ್ಬ ಆಳು ಹಿಡಿಸುವಷ್ಟೇ ಅಗಲದ ಬಿಲ. ಒಳಗೆ ಕಂಬ ಇಲ್ಲ, ಕಾಂಕ್ರೀಟ್ ಇಲ್ಲ. ಪಡ್ರೆ, ಬಾಯಾರು ಕಡೆ ತಲೆಮಾರುಗಳಿಂದ ನೀರು ಕೊಡುತ್ತಿರುವ ಸುರಂಗಗಳಿವೆ. ಕೆಂಪುಕಲ್ಲಿನ ಕೋರೆಗಳಲ್ಲೂ 90 ಡಿಗ್ರಿಯ ಗೋಡೆಗಳು ವರ್ಷಗಟ್ಟಲೆ ನಿಂತಿರುತ್ತವೆ. ಇಲ್ಲಿ 35 ಎಂಬ ಸಂಖ್ಯೆಗೆ ಅರ್ಥವೇ ಇಲ್ಲ. ಕಬ್ಬಿಣದ ಅಂಶ ಕಣಗಳನ್ನು ಬೆಸೆದುಬಿಟ್ಟಿದೆ, ಇದು ರಾಶಿಯೇ ಅಲ್ಲ.

ಹಾಗಾದರೆ ಭಾವನ ಬರೆ ಯಾಕೆ ಜರಿಯಿತು? ಜರಿದ ಮಣ್ಣಿನ ಹತ್ತಿರ ಹೋಗಿ ಕೈಯಲ್ಲಿ ಹಿಡಿದಾಗ ಗೊತ್ತಾಯಿತು. ಮೇಲಿನ ಭಾಗ ಕೆಂಪು, ಗಂಟುಗಂಟು. ಬುಡದ್ದು ಬಿಳಿ, ಅಲ್ಲಲ್ಲಿ ಗುಲಾಬಿ. ಬೆರಳಲ್ಲಿ ಉಜ್ಜಿದರೆ ಪೌಡರಿನ ಹಾಗೆ ನುಣ್ಣಗೆ. ಶೇಡಿ ಮಣ್ಣು, ಹಿಂದೆ ಗೋಡೆಗೆ ಬಳಿಯುತ್ತಿದ್ದದ್ದು. ಮುರಕಲ್ಲಿನ ಅಡಿಯಲ್ಲಿ ಇದರ ಪದರ ಇರುತ್ತದೆ, ಅದರಡಿ ಕೊಳೆತ ಬಂಡೆ, ಆಮೇಲೆ ಕರಿಕಲ್ಲು. ಒಣಗಿರುವಾಗ ಶೇಡಿಗೆ ಪಿಕಾಸಿ ಹಾಕಿದರೆ ಟಣ್ ಎನ್ನುತ್ತದೆ. ನೆನೆದರೆ ಬೆರಳು ಇಳಿಯುತ್ತದೆ. ಕೆಲವು ಕಡೆ ಒಳಗಿನ ನೀರು ಅದನ್ನು ಕೊಚ್ಚಿಕೊಂಡು ಹೋಗಿ ನೆಲದಡಿ ತಾನೇ ಕೊಳವೆ ಕೊರೆಯುವುದೂ ಉಂಟು. ಮೇಲೆ ನೋಡಿದರೆ ಎಂತದೂ ಗೊತ್ತಾಗುವುದಿಲ್ಲ.

ಅಜ್ಜಂದಿರು ಮನೆಯಡಿಗೆ ಗುಡ್ಡ ಕಡಿಯುತ್ತಿದ್ದದ್ದು ಹಾರೆ ಪಿಕಾಸಿಯಲ್ಲಿ. ಮುರಕಲ್ಲು ಮುಗಿದು ಬಿಳಿ ಕಾಣುವಷ್ಟು ಆಳಕ್ಕೆ ಹೋಗಲು ಮೈಯಲ್ಲಿ ಶಕ್ತಿಯೂ ಇರಲಿಲ್ಲ, ಅಗತ್ಯವೂ ಇರಲಿಲ್ಲ. ಜೆಸಿಬಿಗೆ ಅರ್ಧ ದಿನದ ಕೆಲಸ. ವರ್ಷಕ್ಕೆ ಸುಮಾರು 3,500 ಮಿಲಿಮೀಟರ್ ಮಳೆ ಬೀಳುವ ಊರಿನಲ್ಲಿ ಶೇಡಿಯ ಬುಡ ಬಯಲು ಮಾಡಿ, ಅದರ ಮೇಲೆ 20 ಅಡಿ ಕೆಂಪುಕಲ್ಲು ನಿಲ್ಲಿಸಿದರೆ ಲೆಕ್ಕ ಬೇರೆಯೇ ಆಗುತ್ತದೆ. ತಲಪಾಡಿಯಿಂದ ಕಾಲಿಕಡವಿನವರೆಗಿನ ಹೆದ್ದಾರಿ ಅಗಲ ಮಾಡುವಾಗ ಕಡಿದ ಗುಡ್ಡಗಳ ಕಥೆಯೂ ಇದರ ದೊಡ್ಡ ರೂಪ. ಚೆರುವತ್ತೂರಿನ ವೀರಮಲೆ ಗುಡ್ಡ 2025ರ ಜುಲೈಯಲ್ಲಿ ರಸ್ತೆಗೆ ಜರಿದದ್ದನ್ನು ನಾವೆಲ್ಲ ನೋಡಿದ್ದೇವೆ. ಅಂಥ ಪ್ರತಿ ಸಲವೂ ಯಾರಾದರೂ ‘ಓರೆ ಸರಿಯಿರಲಿಲ್ಲ’ ಎನ್ನುತ್ತಾರೆ. ಇರಬಹುದು. ಓರೆಯ ಜೊತೆ ನೀರು ಎಲ್ಲಿ ಹೋಗಬೇಕಿತ್ತು ಎಂದು ಕೇಳುವವರು ಕಡಿಮೆ.

ಇಷ್ಟಾದ ಮೇಲೆ ಆ ಇಂಜಿನಿಯರ್ ತಪ್ಪು ಬರೆದರು ಎಂದೇನೂ ನಾನು ಹೇಳುವುದಿಲ್ಲ. ನಾವಿಬ್ಬರು ಮತ್ತೆ ಹೋಗಿ ಕೇಳಿದಾಗ ಅವರು ನಕ್ಕರು. 35 ಎಂದು ಬರೆದದ್ದು ನಿಂತಿರುವ ಬರೆಗೆ ಅಲ್ಲ, ಜರಿದು ಬಿದ್ದ ರಾಶಿಗೆ. ಅದನ್ನು ತೆಗೆಯುವಾಗ ಅದಕ್ಕಿಂತ ನೆಟ್ಟಗೆ ಕಡಿದರೆ ಕೆಲಸದವರ ಮೇಲೆ ಬೀಳುತ್ತದೆ, ಅದಕ್ಕೆ. ನಾವೇ ಹಾಳೆಯನ್ನು ತಲೆಕೆಳಗೆ ಓದಿದ್ದೆವು.

ಬರೆಗೆ ಅವರು ಹೇಳಿದ್ದು ಬೇರೆ. ಮೇಲ್ಗಡೆ ಮಳೆನೀರು ಇಳಿಯದ ಹಾಗೆ ಒಂದು ಕಣಿ. ಬರೆಯನ್ನು ಎರಡು ಮೆಟ್ಟಿಲು ಮಾಡುವುದು. ಬುಡಕ್ಕೆ ಕಲ್ಲಿನ ಗೋಡೆ, ಗೋಡೆಯಲ್ಲಿ ಒಳಗಿನ ನೀರು ಹೊರಬರಲು ಪೈಪುಗಳು, ಪೈಪಿನ ಹಿಂದೆ ಜಲ್ಲಿ. ಭಾವ ಮೇ ತಿಂಗಳ ಒಳಗೆ ಎಲ್ಲ ಮುಗಿಸಿದ. ಜೂನ್‌ನ ಎರಡನೇ ವಾರ ನಾನು ಹೋದಾಗ ಜೋರು ಮಳೆ. ಹನ್ನೊಂದು ಪೈಪುಗಳಲ್ಲಿ ಹತ್ತರಿಂದ ನೀರು ಬರುತ್ತಿತ್ತು. ಬಾರದ ಒಂದರ ಮುಂದೆ ಭಾವ ಕೊಡೆ ಹಿಡಿದು ಕುಕ್ಕರಗಾಲಲ್ಲಿ ಕೂತು, ತೆಂಗಿನ ಗರಿಯ ಕಡ್ಡಿ ಹಾಕಿ ನೋಡುತ್ತಿದ್ದ. ಕಡ್ಡಿಯ ತುದಿಗೆ ಬಿಳಿ ಹತ್ತಿಕೊಂಡಿತ್ತು.