ಏನಿದು 'ಲೆಮ್'?

ಚಂದ್ರನ ಮೇಲೆ ಮನುಷ್ಯರನ್ನು ಇಳಿಸಿದ ಅಮೆರಿಕದ ಅಪೊಲೊ ಯಾನಗಳ ಕಥೆಗಳಲ್ಲಿ ಈ ಪದ ಪದೇ ಪದೇ ಸಿಗುತ್ತದೆ. ಅಲ್ಲಿ ಇಳಿದ ನೌಕೆಯ ಹೆಸರು ಅದು. ಬರೆಯೋದು ಎಲ್‌ಎಂ, ಕರೆಯೋದು ಲೆಮ್. ನಡುವೆ ಆ 'ಎ' ಎಲ್ಲಿಂದ ಬಂತು?

ಮೊದಲು ಇದರ ಹೆಸರು ಲೂನಾರ್ ಎಕ್ಸ್‌ಕರ್ಷನ್ ಮಾಡ್ಯೂಲ್. ಲೂನಾರ್ ಅಂದರೆ ಚಂದ್ರನದ್ದು. ಮಾಡ್ಯೂಲ್ ಅಂದರೆ ನೌಕೆಯ ಬಿಡಿ ಭಾಗ. ಎಕ್ಸ್‌ಕರ್ಷನ್ ನಮಗೆ ಗೊತ್ತಿರೋದೇ, ಶಾಲೆಯಿಂದ ಬಸ್ಸು ಮಾಡಿಕೊಂಡು ಹೋಗಿಬರೋದು. ಯಾಕೋ ಮೋಜಿನ ಪ್ರವಾಸದ ಹಾಗೆ ಕೇಳುತ್ತದೆ ಎಂದು ನಾಸಾದವರು 1966ರಲ್ಲಿ ಆ ಪದ ತೆಗೆದುಹಾಕಿದರು. ಕಾಗದದಿಂದ ಹೋಯಿತು, ಬಾಯಿಂದ ಹೋಗಲಿಲ್ಲ.

ಸುಮ್ನೆ 'ಚಂದ್ರನೌಕೆ' ಅಂದರೆ ಸಾಲದು. ಹೋಗುತ್ತಿದ್ದವರು ಮೂವರು. ಒಬ್ಬ ಕಮಾಂಡ್ ಮಾಡ್ಯೂಲ್ ಎಂಬ ಮುಖ್ಯ ನೌಕೆಯಲ್ಲೇ ಕೂತು ಚಂದ್ರನನ್ನು ಸುತ್ತುತ್ತಿದ್ದ. ಉಳಿದಿಬ್ಬರು ಲೆಮ್‌ನಲ್ಲಿ ಇಳಿಯುತ್ತಿದ್ದರು. ಲೆಮ್‌ಗೆ ಎರಡು ಅಂತಸ್ತು. ಕೆಳಗಿನದರಲ್ಲಿ ಇಳಿಯುವ ಇಂಜಿನ್, ನಾಲ್ಕು ಕಾಲು. ಮೇಲಿನದರಲ್ಲಿ ಜನ, ಜೊತೆಗೆ ವಾಪಸ್ ಏರೋಕೆ ಒಂದೇ ಒಂದು ಇಂಜಿನ್. ಅದು ಕೈಕೊಟ್ಟರೆ ಬೇರೆ ದಾರಿ ಇಲ್ಲ.

ನೋಡೋಕೆ ಜೇಡರ ಹುಳ. ಗಾಳಿಯೇ ಇಲ್ಲದ ಕಡೆ ಹಾರೋದಕ್ಕೆ ಚೂಪು ಮೂತಿ ಯಾಕೆ ಬೇಕು, ಅಲ್ವಾ? ಕಟ್ಟಿದ್ದು ಅಮೆರಿಕದ ಗ್ರಮ್ಮನ್ ಕಂಪನಿ. ತೂಕ ಇಳಿಸೋಕೆ ಸೀಟುಗಳನ್ನೇ ಕಿತ್ತುಹಾಕಿದರು. ನಿಂತರೆ ಮುಖ ಗಾಜಿನ ಹತ್ತಿರ ಬರುತ್ತದೆ, ಕಿಟಕಿ ಚಿಕ್ಕದಿದ್ದರೂ ನಡೆಯುತ್ತದೆ. ಹಾಗಾಗಿ ಚಂದ್ರನ ಮೇಲೆ ಇಳಿದವರೆಲ್ಲ ಸಿಟಿ ಬಸ್ಸಿನ ಪ್ರಯಾಣಿಕರಂತೆ ನಿಂತುಕೊಂಡೇ ಇಳಿದವರು!

ಒಳಗೆ ಜಾಗವೂ ಇಕ್ಕಟ್ಟು. 1969ರ ಜುಲೈನಲ್ಲಿ ಅಪೊಲೊ 11ರ ಆರ್ಮ್‌ಸ್ಟ್ರಾಂಗ್, ಆಲ್ಡ್ರಿನ್ ಹೊರಗೆ ನಡೆದಾಡಿ ಒಳಗೆ ಬಂದ ಮೇಲೆ ನೋಡಿದರೆ, ನೆಲದ ಮೇಲೊಂದು ಸ್ವಿಚ್ಚಿನ ತುದಿ ಬಿದ್ದಿದೆ. ಬೆನ್ನಿನ ದಪ್ಪ ಚೀಲ ತಾಗಿ ಮುರಿದಿರಬೇಕು. ಅದೂ ಯಾವ ಸ್ವಿಚ್ಚು? ವಾಪಸ್ ಏರುವ ಇಂಜಿನ್ನಿಗೆ ಕರೆಂಟು ಕೊಡುವ ಬ್ರೇಕರ್! ಕೊನೆಗೆ ಆಲ್ಡ್ರಿನ್ ಜೇಬಿನಲ್ಲಿದ್ದ ಸ್ಕೆಚ್ ಪೆನ್ನಿನ ತುದಿಯಿಂದ ಅದನ್ನು ಒಳಗೆ ಒತ್ತಿದರು. ಇಂಜಿನ್ ಹೊತ್ತಿಕೊಂಡಿತು.

1970ರ ಅಪೊಲೊ 13ರಲ್ಲಿ ಲೆಮ್ ಇಳಿಯಲೇ ಇಲ್ಲ. ಆಮ್ಲಜನಕದ ಟ್ಯಾಂಕ್ ಸಿಡಿದು ಮುಖ್ಯ ನೌಕೆ ಸೋತಾಗ, ಇಬ್ಬರಿಗೆಂದು ಮಾಡಿದ ಲೆಮ್ ಮೂವರನ್ನೂ ದಿನಗಟ್ಟಲೆ ಬದುಕಿಸಿ ಭೂಮಿಯ ಹತ್ತಿರಕ್ಕೆ ತಂದಿತು.

1969ರಿಂದ 1972ರವರೆಗೆ ಆರು ಲೆಮ್‌ಗಳು ಇಳಿದವು, ಹನ್ನೆರಡು ಜನ ಓಡಾಡಿದರು. ಹೊರಡುವಾಗ ಕೆಳಗಿನ ಅಂತಸ್ತೇ ಉಡಾವಣೆಯ ಕಟ್ಟೆ. ಅದನ್ನು ಅಲ್ಲೇ ಬಿಟ್ಟು ಮೇಲಿನದಷ್ಟೇ ಏರಬೇಕು. ಆ ಆರೂ ಕಟ್ಟೆಗಳು ಕಾಲೂರಿಕೊಂಡು ಇನ್ನೂ ಅಲ್ಲೇ ಇವೆ. ನಮ್ಮ ಚಂದ್ರಯಾನ-2ರ ಕ್ಯಾಮೆರಾಕ್ಕೂ ಅಪೊಲೊ 11ರದ್ದು ಕಂಡಿದೆ.