ವಿಕೋಪದ ಫೋಟೊ ಮತ್ತು ಹೊಣೆಯ ಪ್ರಶ್ನೆ

ಪ್ರಕೃತಿ ವಿಕೋಪದ ಫೋಟೊಗಳ ಬಗ್ಗೆ ಪ್ರಶ್ನೆ ಬಂದರೆ ‘ಚಿತ್ರ ಜನರ ಮನ ಕಲಕುತ್ತದೆ’ ಎಂದು ಬರೆದು ಕೈತೊಳೆದುಕೊಳ್ಳುವ ವಿದ್ಯಾರ್ಥಿಗಳೇ ಹೆಚ್ಚು. ಅಷ್ಟು ಸಾಲದು. ಆ ಚಿತ್ರ ನೋಡಿದವರು ಯಾರನ್ನು ಹೊಣೆ ಮಾಡಿದರು ಎಂದೂ ನೋಡಬೇಕು.

1985ರ ನವೆಂಬರ್ 13ರಂದು ಕೊಲಂಬಿಯಾದ ನೆವಾಡೊ ಡೆಲ್ ರೂಯಿಸ್ ಜ್ವಾಲಾಮುಖಿ ಸಿಡಿಯಿತು. ಶಿಖರದ ಹಿಮ ಕರಗಿ, ಕೆಸರಿನ ಪ್ರವಾಹ ಅರ್ಮೇರೊ ಪಟ್ಟಣವನ್ನೇ ಮುಚ್ಚಿತು. ಒಟ್ಟು ಸತ್ತವರು ಸುಮಾರು 23 ಸಾವಿರ. ಜಗತ್ತಿನ ನೆನಪಿನಲ್ಲಿ ಉಳಿದದ್ದು ಮಾತ್ರ ಫ್ರಾಂಕ್ ಫೋರ್ನಿಯೆ ತೆಗೆದ ಒಂದು ಫೋಟೊ: ಅವಶೇಷಗಳಡಿ ಕಾಲು ಸಿಕ್ಕಿಕೊಂಡು ಕೆಸರು ನೀರಿನಲ್ಲಿ ನಿಂತ 13 ವರ್ಷದ ಹುಡುಗಿ, ಕಪ್ಪಗಾದ ಕಣ್ಣು, ಬಿಳಿಚಿಕೊಂಡ ಬೆರಳು. ಸುಮಾರು 60 ಗಂಟೆ ಹಾಗೇ ಇದ್ದು ಅವಳು ತೀರಿಕೊಂಡಳು. ‘ಫೋಟೊ ತೆಗೆಯುವ ಬದಲು ಕಾಪಾಡಬಾರದಿತ್ತೇ?’ ಎಂದು ಫೋರ್ನಿಯೆಯನ್ನು ಹಲವರು ಬೈದರು. ಬಿಡಿಸುವ ಸಲಕರಣೆಯೇ ಅಲ್ಲಿರಲಿಲ್ಲ. ಸಿಟ್ಟು ಬಲುಬೇಗ ಸರ್ಕಾರದತ್ತ ತಿರುಗಿತು. ಅರ್ಮೇರೊಗೆ ಅಪಾಯವಿದೆ ಎಂದು ತೋರಿಸುವ ನಕ್ಷೆ ಸುಮಾರು ಒಂದು ತಿಂಗಳ ಮೊದಲೇ ಸಿದ್ಧವಾಗಿತ್ತು. ಆದರೆ ನಕ್ಷೆಯ ವಿಷಯ ಫೋಟೊದಲ್ಲಿ ಕಾಣುವುದಿಲ್ಲ, ಅದನ್ನು ವರದಿಗಾರನೇ ಹೇಳಬೇಕು.

ಇನ್ನು ಅಡಿಬರಹ. 2005ರ ಕತ್ರಿನಾ ಚಂಡಮಾರುತದಲ್ಲಿ ನ್ಯೂ ಆರ್ಲಿಯನ್ಸ್ ಮುಳುಗಿದಾಗ ಎರಡು ಬೇರೆ ಬೇರೆ ಸುದ್ದಿಸಂಸ್ಥೆಗಳ ಫೋಟೊ ಅಕ್ಕಪಕ್ಕ ಹರಿದಾಡಿದವು. ಎರಡರಲ್ಲೂ ಎದೆಮಟ್ಟದ ನೀರು, ಕೈಯಲ್ಲಿ ದಿನಸಿ. ಕಪ್ಪು ಯುವಕ ಅಂಗಡಿ ‘ಲೂಟಿ’ ಮಾಡಿ ಬರುತ್ತಿದ್ದಾನೆ ಎಂದಿತು ಒಂದು. ಬಿಳಿಯರಿಬ್ಬರಿಗೆ ಬ್ರೆಡ್ಡು, ಸೋಡಾ ‘ಸಿಕ್ಕಿತು’ ಎಂದಿತು ಇನ್ನೊಂದು. ತರಗತಿಯಲ್ಲಿ ಚರ್ಚಿಸಲು ಇದಕ್ಕಿಂತ ಒಳ್ಳೆಯ ಉದಾಹರಣೆ ನನಗಂತೂ ಗೊತ್ತಿಲ್ಲ.

ನಕಲಿ ಫೋಟೊಗಳದ್ದು ಸುಲಭದ ಪಾಠ. 2011ರ ಐರೀನ್ ಚಂಡಮಾರುತದ ವೇಳೆ ನೀರು ತುಂಬಿದ ರಸ್ತೆಯಲ್ಲಿ ಶಾರ್ಕ್ ಈಜುವ ಚಿತ್ರ ಹಬ್ಬಿತು. ಬೇರೆ ಫೋಟೊದ ಶಾರ್ಕನ್ನು ಕತ್ತರಿಸಿ ಅಂಟಿಸಿದ್ದರು. ಆಮೇಲೂ ಪ್ರವಾಹ ಬಂದಾಗಲೆಲ್ಲ ಅದೇ ಶಾರ್ಕ್ ಹಾಜರು!

ಕಷ್ಟದ ಪಾಠ ಬೇರೆ: ಫೋಟೊಗೆ ಒಗ್ಗದ ವಿಕೋಪ. ಜ್ವಾಲಾಮುಖಿಯಲ್ಲಿ ಬೆಂಕಿಯಿದೆ, ಭೂಕಂಪದಲ್ಲಿ ಕುಸಿದ ಕಟ್ಟಡವಿದೆ. ತಿಂಗಳುಗಟ್ಟಲೆ ನಿಧಾನವಾಗಿ ಕೊಲ್ಲುವ ಹಸಿವಿನಲ್ಲಿ ಯಾವ ಕ್ಷಣವನ್ನು ಹಿಡಿಯುವುದು? ಐಸೆನ್‌ಸೀ ಮತ್ತು ಸ್ಟ್ರಾಮ್‌ಬರ್ಗ್ ಎಂಬ ಸಂಶೋಧಕರು 1968ರಿಂದ 2002ರವರೆಗಿನ ಸುಮಾರು 5,000 ವಿಕೋಪಗಳನ್ನು ಅಮೆರಿಕದ ಟಿವಿ ಸುದ್ದಿಯೊಂದಿಗೆ ಹೋಲಿಸಿದರು. ಜ್ವಾಲಾಮುಖಿಗೆ ಒಬ್ಬರು ಸತ್ತಾಗ ಸಿಗುವಷ್ಟೇ ಪ್ರಚಾರ ಆಹಾರದ ಅಭಾವಕ್ಕೆ ಸಿಗಬೇಕಾದರೆ ಹತ್ತಿರ ಹತ್ತಿರ 40 ಸಾವಿರ ಜನ ಸಾಯಬೇಕು ಎಂಬ ಲೆಕ್ಕ ಬಂತು. ಇದಕ್ಕೆಲ್ಲ ಫೋಟೊ ಒಂದೇ ಕಾರಣ ಎಂದು ಬರೆದುಬಿಡಬೇಡಿ. ಒಲಿಂಪಿಕ್ಸ್ ನಡೆಯುವಾಗ ಘಟಿಸಿದ ವಿಕೋಪಗಳಿಗೆ ಸುದ್ದಿಯಲ್ಲೂ ಜಾಗ ಕಡಿಮೆ, ಅಮೆರಿಕದ ನೆರವೂ ಕಡಿಮೆ ಎಂಬುದೂ ಅದೇ ಅಧ್ಯಯನದಲ್ಲಿದೆ.