ಆಸ್ಟ್ರೋಲೇಬ್ ಎಂಬ ಯಂತ್ರರಾಜ

ನಮ್ಮ ಕಣ್ಣಿಗೆ ಗೋಳದಂತೆ ಕಾಣುವ ಆಕಾಶವನ್ನು ಚಪ್ಪಟೆಯಾದ ಲೋಹದ ಬಿಲ್ಲೆಗೆ ಇಳಿಸಿ, ಸೂರ್ಯ ಮತ್ತು ನಕ್ಷತ್ರಗಳ ದೈನಂದಿನ ಚಲನೆಯನ್ನು ಕೈಯಿಂದಲೇ ತಿರುಗಿಸಿ ನೋಡುವಂತೆ ರೂಪಿಸಿದ ಖಗೋಳ ಉಪಕರಣವೇ ಆಸ್ಟ್ರೋಲೇಬ್. ಇದು ಗ್ರೀಕ್ ಮೂಲದ ಹೆಸರು. ಸಂಸ್ಕೃತದ ಶಾಸ್ತ್ರಗ್ರಂಥಗಳು ಇದೇ ಉಪಕರಣವನ್ನು ಯಂತ್ರರಾಜ ಎಂದು ಕರೆದಿವೆ. ನಕ್ಷತ್ರಗಳ ಎತ್ತರವನ್ನು ಅಳೆಯುವ ಸಾಧನ ಎಂದು ಇದನ್ನು ಒಂದೇ ಸಾಲಿನಲ್ಲಿ ವಿವರಿಸುವುದುಂಟು. ಆ ವಿವರಣೆ ತಪ್ಪಲ್ಲ, ಆದರೆ ತೀರ ಅಪೂರ್ಣ. ಎತ್ತರದ ಕೋನವನ್ನು ಅಳೆಯಲು ಒಂದು ಕೋನಮಾಪಕ ಮತ್ತು ತೂಗುಗುಂಡು ಸಾಕು. ಅಳೆದ ಕೋನದಿಂದ ಹೊತ್ತು, ದಿಕ್ಕು, ಉದಯಾಸ್ತಗಳನ್ನು ಲೆಕ್ಕಹಾಕಿ ಕೊಡುವುದೇ ಆಸ್ಟ್ರೋಲೇಬಿನ ನಿಜವಾದ ಹೆಚ್ಚುಗಾರಿಕೆ. ಗೋಳತ್ರಿಕೋನಮಿತಿಯ ಸಮೀಕರಣಗಳನ್ನು ಬಿಡಿಸದೆಯೇ ಅವುಗಳ ಉತ್ತರವನ್ನು ಓದಿಕೊಳ್ಳಲು ಬರುವುದರಿಂದ, ಇದನ್ನು ಮಾಪನಯಂತ್ರ ಎನ್ನುವುದಕ್ಕಿಂತ ಗಣಕಯಂತ್ರ ಎನ್ನುವುದೇ ಹೆಚ್ಚು ಸರಿ.

ಈ ಲೆಕ್ಕಾಚಾರದ ಹಿಂದಿರುವುದು ಒಂದು ವಿಶೇಷ ರೀತಿಯ ಪ್ರಕ್ಷೇಪ. ಖಗೋಳದ ದಕ್ಷಿಣ ಧ್ರುವದಲ್ಲಿ ಕಣ್ಣಿಟ್ಟು ನೋಡಿದಾಗ, ಆಕಾಶದ ಪ್ರತಿಯೊಂದು ಬಿಂದುವೂ ವಿಷುವದ್ವೃತ್ತದ, ಅಂದರೆ ಆಕಾಶದ ಸಮಭಾಜಕದ, ಸಮತಲದ ಮೇಲೆ ಎಲ್ಲಿ ಬೀಳುತ್ತದೆಯೋ ಅಲ್ಲಿ ಅದನ್ನು ಗುರುತಿಸಲಾಗುತ್ತದೆ. ಉತ್ತರ ಧ್ರುವ ಬಿಲ್ಲೆಯ ನಡುವಿಗೆ ಬರುತ್ತದೆ. ಅದರ ಸುತ್ತ ಕರ್ಕಾಟಕ ಸಂಕ್ರಾಂತಿ ವೃತ್ತ, ವಿಷುವದ್ವೃತ್ತ, ಮಕರ ಸಂಕ್ರಾಂತಿ ವೃತ್ತಗಳು ಒಂದರ ಹೊರಗೊಂದು ಕೂರುತ್ತವೆ. ಸಾಮಾನ್ಯವಾಗಿ ಮಕರ ವೃತ್ತವೇ ಅಂಚಾದ್ದರಿಂದ, ಅದಕ್ಕಿಂತ ದಕ್ಷಿಣಕ್ಕಿರುವ ಅಗಸ್ತ್ಯದಂತಹ ನಕ್ಷತ್ರಗಳಿಗೆ ಇದರಲ್ಲಿ ಎಡೆಯಿಲ್ಲ. ಗೋಳದ ಮೇಲಿನ ವೃತ್ತಗಳು ಸಮತಲದಲ್ಲಿಯೂ ವೃತ್ತಗಳಾಗಿಯೇ ಉಳಿಯುತ್ತವೆ, ಪ್ರಕ್ಷೇಪಬಿಂದುವಿನ ಮೂಲಕ ಹಾಯುವಂಥವು ಮಾತ್ರ ನೇರ ಗೆರೆಗಳಾಗುತ್ತವೆ ಎಂಬುದು ಈ ಪ್ರಕ್ಷೇಪದ ಸೊಗಸಾದ ಗುಣ. ಹೀಗಾಗಿ ಎಷ್ಟೇ ಜಟಿಲವಾಗಿ ಕಂಡರೂ ಇಡೀ ವಿನ್ಯಾಸವನ್ನು ಕೈವಾರ ಮತ್ತು ಅಳತೆಪಟ್ಟಿಯಿಂದಲೇ ಬರೆಯಬಹುದು. ಈ ಗುಣವಿಲ್ಲದಿದ್ದರೆ ಲೋಹದ ಕುಶಲಕರ್ಮಿಯ ಕೈಗೆ ಈ ಯಂತ್ರ ಒಲಿಯುತ್ತಿತ್ತೇ ಎಂಬುದು ಸಂಶಯ.

ಯಂತ್ರದ ತಳಭಾಗ ಅಂಚುಗಟ್ಟಿದ ಒಂದು ಹಿತ್ತಾಳೆಯ ಬಿಲ್ಲೆ. ಅರಬ್ಬರು ಅದನ್ನು ತಾಯಿ ಎಂದು ಕರೆದರು. ಅದರ ಅಂಚಿನ ಮೇಲೆ 360 ಅಂಶಗಳು ಅಥವಾ 24 ಗಂಟೆಗಳ ಗುರುತುಗಳಿರುತ್ತವೆ. ಅದರೊಳಗೆ ಕೂರುವ ತೆಳುವಾದ ತಟ್ಟೆಯಲ್ಲಿ ಒಂದು ನಿರ್ದಿಷ್ಟ ಅಕ್ಷಾಂಶದ ಕ್ಷಿತಿಜ, ಖಮಧ್ಯ (ನೇರ ನೆತ್ತಿಯ ಮೇಲಿನ ಬಿಂದು), ಉನ್ನತಾಂಶದ (ಕ್ಷಿತಿಜದಿಂದ ಮೇಲಿನ ಕೋನದ) ವೃತ್ತಗಳು ಮತ್ತು ದಿಗಂಶದ (ದಿಕ್ಕನ್ನು ಹೇಳುವ ಕೋನದ) ಕಮಾನುಗಳನ್ನು ಕೊರೆದಿರುತ್ತಾರೆ. ಊರು ಬದಲಾಗಿ ಅಕ್ಷಾಂಶ ಬದಲಾದರೆ ತಟ್ಟೆಯನ್ನೂ ಬದಲಿಸಬೇಕು. ಆದ್ದರಿಂದಲೇ ಒಂದೇ ಯಂತ್ರದೊಳಗೆ ಹಲವು ತಟ್ಟೆಗಳನ್ನು ಜೋಡಿಸಿಡುವ ರೂಢಿಯಿತ್ತು. ಇವೆಲ್ಲದರ ಮೇಲೆ ತಿರುಗುವುದು ಜಾಲರಿಯಂತೆ ಕತ್ತರಿಸಿದ ನಕ್ಷತ್ರಪತ್ರ. ಸಂಸ್ಕೃತದಲ್ಲಿ ಇದು ಭಪತ್ರ, ಅರೇಬಿಕ್‌ನಲ್ಲಿ ಜೇಡ. ಸ್ವಾತಿ, ಅಭಿಜಿತ್, ಲುಬ್ಧಕ, ರೋಹಿಣಿಯಂತಹ ಪ್ರಕಾಶಮಾನ ನಕ್ಷತ್ರಗಳನ್ನು ಅದರ ಚೂಪು ಮುಳ್ಳುಗಳು ತೋರಿಸುತ್ತವೆ. ಸೂರ್ಯನ ಹಾದಿಯಾದ ಕ್ರಾಂತಿವೃತ್ತ ಕೇಂದ್ರ ತಪ್ಪಿದ ಒಂದು ಬಳೆಯಾಗಿ ಕಾಣುತ್ತದೆ. ಗ್ರಹಗಳು ಇದರಲ್ಲಿಲ್ಲ, ಅವುಗಳ ಸ್ಥಾನಕ್ಕೆ ಬೇರೆ ಕೋಷ್ಟಕಗಳು ಬೇಕು. ಹಿಂಬದಿಯಲ್ಲಿ ಅಂಶಗಳ ಗುರುತುಗಳು, ಹಲವು ಯಂತ್ರಗಳಲ್ಲಿ ದಿನಾಂಕದಿಂದ ಸೂರ್ಯನ ರಾಶಿಸ್ಥಾನವನ್ನು ತಿಳಿಸುವ ವೃತ್ತಗಳು, ಮತ್ತು ನೋಟದ ರಂಧ್ರಗಳಿರುವ ತಿರುಗುಪಟ್ಟಿ ಇರುತ್ತವೆ.

ರಾತ್ರಿಯ ಹೊತ್ತನ್ನು ತಿಳಿಯುವ ಬಗೆಯನ್ನು ನೋಡಿದರೆ ಇವೆಲ್ಲ ಒಟ್ಟಿಗೆ ಹೇಗೆ ದುಡಿಯುತ್ತವೆ ಎಂಬುದು ಸ್ಪಷ್ಟವಾಗುತ್ತದೆ. ಯಂತ್ರವನ್ನು ಉಂಗುರದಿಂದ ತೂಗಹಿಡಿದು, ಹಿಂಬದಿಯ ಪಟ್ಟಿಯ ರಂಧ್ರಗಳ ಮೂಲಕ ಪೂರ್ವದಲ್ಲಿ ಏರುತ್ತಿರುವ ಸ್ವಾತಿಯನ್ನು ನೋಡಿದಾಗ ಅದರ ಉನ್ನತಿ 30 ಅಂಶ ಎಂದು ಸಿಕ್ಕಿತೆನ್ನಿ. ಈಗ ಮುಂಬದಿಗೆ ತಿರುಗಿಸಿ, ಸ್ವಾತಿಯ ಮುಳ್ಳು ಪೂರ್ವಭಾಗದ 30 ಅಂಶದ ವೃತ್ತವನ್ನು ಮುಟ್ಟುವವರೆಗೆ ನಕ್ಷತ್ರಪತ್ರವನ್ನು ತಿರುಗಿಸಬೇಕು. ಆ ಕ್ಷಣದ ಇಡೀ ಆಕಾಶ ಬಿಲ್ಲೆಯ ಮೇಲೆ ಸಿದ್ಧವಾಗುತ್ತದೆ: ಯಾವ ನಕ್ಷತ್ರ ಉದಯಿಸುತ್ತಿದೆ, ಯಾವುದು ಮುಳುಗುತ್ತಿದೆ, ಪೂರ್ವ ಕ್ಷಿತಿಜದಲ್ಲಿರುವ ಲಗ್ನ ಯಾವುದು ಎಂಬುದೆಲ್ಲ ಅಲ್ಲಿಯೇ ಕಾಣುತ್ತದೆ. ಕ್ರಾಂತಿವೃತ್ತದಲ್ಲಿ ಅಂದಿನ ಸೂರ್ಯನಿರುವ ಬಿಂದುವಿನ ಮೂಲಕ ಅಂಚಿಗೆ ಗೆರೆ ಎಳೆದರೆ ಸಿಗುವುದೇ ಸ್ಥಳೀಯ ಸೌರಸಮಯ. ಸೂರ್ಯನ ಅದೇ ಬಿಂದುವನ್ನು ಮೊದಲು ಪೂರ್ವ ಕ್ಷಿತಿಜಕ್ಕೂ ಅನಂತರ ಪಶ್ಚಿಮ ಕ್ಷಿತಿಜಕ್ಕೂ ತಂದು, ನಡುವಿನ ತಿರುಗುವಿಕೆಯ ಅಂಶಗಳನ್ನು 15ರಿಂದ ಭಾಗಿಸಿದರೆ ಹಗಲಿನ ಉದ್ದ ಗಂಟೆಗಳಲ್ಲಿ ದೊರೆಯುತ್ತದೆ. ಇದಕ್ಕೆ ಆಕಾಶವನ್ನು ನೋಡಬೇಕಾದ ಅಗತ್ಯವೇ ಇಲ್ಲ. ವರ್ಷದ ಯಾವ ದಿನಕ್ಕಾದರೂ ಮನೆಯೊಳಗೆ ಕುಳಿತೇ ಲೆಕ್ಕಹಾಕಬಹುದು.

ಇದರ ಮಿತಿಗಳನ್ನೂ ಹೇಳಬೇಕು. ಉನ್ನತಿಯನ್ನು ಓದುವಲ್ಲಿ ಒಂದು ಅಂಶ ತಪ್ಪಿದರೆ ಸಮಯದಲ್ಲಿ ಕನಿಷ್ಠ 4 ನಿಮಿಷದ ವ್ಯತ್ಯಾಸ ಬರುತ್ತದೆ. ನಡುಹಗಲಿನ ಆಸುಪಾಸಿನಲ್ಲಿ ಸೂರ್ಯನ ಉನ್ನತಿ ಬಹಳ ನಿಧಾನವಾಗಿ ಬದಲಾಗುವುದರಿಂದ ಆಗಿನ ಓದು ಅಷ್ಟಾಗಿ ನಂಬುವಂಥದ್ದಲ್ಲ. ಬೆಳಿಗ್ಗೆ ಮತ್ತು ಸಂಜೆಯ ಅಳತೆಗಳೇ ಮೇಲು. ಭೂಮಿಯ ಮೇಲಿನ ಅಳತೆಗಳಿಗೂ ಇದು ಒದಗುತ್ತಿತ್ತು: ಗೋಪುರದ ತುದಿ 45 ಅಂಶದಲ್ಲಿ ಕಾಣುವವರೆಗೆ ಹಿಂದೆ ಸರಿದು, ಬುಡದವರೆಗಿನ ದೂರಕ್ಕೆ ನೋಡುವವರ ಕಣ್ಣಿನ ಎತ್ತರವನ್ನು ಕೂಡಿಸಿದರೆ ಗೋಪುರದ ಎತ್ತರ ಸಿಗುತ್ತದೆ.

ಈ ಪ್ರಕ್ಷೇಪದ ಗಣಿತವನ್ನು ಕ್ರಿ.ಶ. 2ನೆಯ ಶತಮಾನದಲ್ಲಿ ಅಲೆಕ್ಸಾಂಡ್ರಿಯಾದ ಟಾಲೆಮಿ ವಿವರಿಸಿದ್ದಾನೆ. ಯಂತ್ರದ ಬಗ್ಗೆ ನಮಗೆ ಉಳಿದುಬಂದಿರುವ ಅತ್ಯಂತ ಹಳೆಯ ಗ್ರಂಥ 6ನೆಯ ಶತಮಾನದಲ್ಲಿ ಅದೇ ನಗರದ ಜಾನ್ ಫಿಲೋಪೋನಸ್ ಬರೆದದ್ದು. 7ನೆಯ ಶತಮಾನದಲ್ಲಿ ಸೆವೆರಸ್ ಸೆಬೋಖ್ತ್ ಸಿರಿಯಾಕ್ ಭಾಷೆಯಲ್ಲಿ ಇದನ್ನು ವಿವರಿಸಿದ. ಆದರೆ ಯಂತ್ರ ನಿಜಕ್ಕೂ ಬೆಳೆದು ಅರಳಿದ್ದು ಇಸ್ಲಾಮಿಕ್ ಜಗತ್ತಿನಲ್ಲಿ. ಪ್ರಾರ್ಥನೆಯ ವೇಳೆಗಳನ್ನು ಸೂರ್ಯನ ಸ್ಥಾನದಿಂದ ನಿರ್ಧರಿಸಬೇಕಿತ್ತು, ಮೆಕ್ಕಾದ ದಿಕ್ಕನ್ನು ತಿಳಿಯಬೇಕಿತ್ತು, ಜ್ಯೋತಿಷಿಗಳಿಗೆ ಲಗ್ನ ಬೇಕಿತ್ತು. ತಯಾರಿಕೆಯ ವರ್ಷವನ್ನು ಹೊತ್ತು ಉಳಿದಿರುವ ಆಸ್ಟ್ರೋಲೇಬುಗಳಲ್ಲಿ ತೀರ ಹಳೆಯದೆಂದು ಗುರುತಿಸಲಾಗಿರುವುದು ಬಗ್ದಾದಿನ ನಸ್ತುಲಸ್ 927–28ರಲ್ಲಿ ಮಾಡಿದ್ದು. 11ನೆಯ ಶತಮಾನದಲ್ಲಿ ಟೊಲೆಡೊದ ಅಲ್ ಜರ್ಖಾಲಿ, ಊರಿಗೊಂದು ತಟ್ಟೆಯ ತೊಡಕನ್ನೇ ನಿವಾರಿಸಿ, ಎಲ್ಲ ಅಕ್ಷಾಂಶಗಳಿಗೂ ಹೊಂದುವ ಬಗೆಯನ್ನು ರೂಪಿಸಿದ. ಸ್ಪೇನಿನ ಮೂಲಕ ಈ ವಿದ್ಯೆ ಯುರೋಪಿನ ಉಳಿದ ಭಾಗಗಳಿಗೆ ಹಬ್ಬಿತು. 1391ರಲ್ಲಿ ಕವಿ ಚಾಸರ್ ಲ್ಯಾಟಿನ್ ಅಷ್ಟಾಗಿ ಬಾರದ ತನ್ನ ಹತ್ತು ವರ್ಷದ ಮಗ ಲೂಯಿಸನಿಗಾಗಿ ಇದರ ಬಳಕೆಯನ್ನು ಇಂಗ್ಲಿಷಿನಲ್ಲಿ ಬರೆದುಕೊಟ್ಟ.

ಭಾರತದಲ್ಲಿ ಇದರ ಚರಿತ್ರೆ ಎರಡು ಭಾಷೆಗಳ ವಿದ್ವತ್ತು ಒಂದೆಡೆ ಕೂಡಿದ ಚರಿತ್ರೆ, ಅದಕ್ಕೆ ಸಲ್ಲಬೇಕಾದಷ್ಟು ಗಮನ ಸಂದಿಲ್ಲ. ದೆಹಲಿಯ ಫಿರೋಜ್ ಷಾ ತುಘಲಕನ ಆಶ್ರಯದಲ್ಲಿದ್ದ ಜೈನ ವಿದ್ವಾಂಸ ಮಹೇಂದ್ರ ಸೂರಿ 1370ರಲ್ಲಿ ಸಂಸ್ಕೃತದಲ್ಲಿ ಯಂತ್ರರಾಜವೆಂಬ ಗ್ರಂಥವನ್ನು ರಚಿಸಿ, 32 ನಕ್ಷತ್ರಗಳ ಕೋಷ್ಟಕವನ್ನೂ ಅದರಲ್ಲಿ ಕೊಟ್ಟ. ಮೊಗಲರ ಕಾಲದಲ್ಲಿ ಲಾಹೋರಿನ ಅಲ್ಲಾಹದಾದನ ಮನೆತನದವರು ನಾಲ್ಕು ತಲೆಮಾರುಗಳ ಕಾಲ ಅತ್ಯುತ್ತಮ ಆಸ್ಟ್ರೋಲೇಬುಗಳನ್ನು ಮಾಡಿದರು. ಸವಾಯಿ ಜಯಸಿಂಹ 18ನೆಯ ಶತಮಾನದಲ್ಲಿ ಕಟ್ಟಿಸಿದ ಜೈಪುರದ ಜಂತರ್ ಮಂತರ್‌ನಲ್ಲಿ ಎರಡು ಮೀಟರಿಗೂ ಹೆಚ್ಚು ವ್ಯಾಸದ ಯಂತ್ರರಾಜವನ್ನು ಇಂದಿಗೂ ನೋಡಬಹುದು.

ನಾವಿಕರ ಆಸ್ಟ್ರೋಲೇಬ್ ಇದರ ಹೆಸರನ್ನು ಹಂಚಿಕೊಂಡ ಬೇರೆಯೇ ಸಾಧನ. 15ನೆಯ ಶತಮಾನದ ಕೊನೆಯ ಹೊತ್ತಿಗೆ ಪೋರ್ಚುಗೀಸರು ಬಳಕೆಗೆ ತಂದ ಅದರಲ್ಲಿ ನಕ್ಷತ್ರಪತ್ರವಿಲ್ಲ, ತಟ್ಟೆಗಳಿಲ್ಲ. ಹಡಗಿನ ಓಲಾಟವನ್ನೂ ಗಾಳಿಯನ್ನೂ ತಾಳಿಕೊಳ್ಳಲೆಂದು ಭಾರವಾಗಿ ಎರಕ ಹೊಯ್ದ ಲೋಹದ ಬಿಲ್ಲೆ ಮತ್ತು ತಿರುಗುಪಟ್ಟಿ ಮಾತ್ರ ಇವೆ. ನಡುಹಗಲಿನ ಸೂರ್ಯನ ಅಥವಾ ಧ್ರುವನಕ್ಷತ್ರದ ಉನ್ನತಿಯಿಂದ ಅಕ್ಷಾಂಶ ತಿಳಿಯುವುದಷ್ಟೇ ಅದರ ಕೆಲಸ, ರೇಖಾಂಶ ಅದರಿಂದ ಸಿಗುವುದಿಲ್ಲ. 1731ರಲ್ಲಿ ಜಾನ್ ಹ್ಯಾಡ್ಲಿ ಪ್ರದರ್ಶಿಸಿದ ಆಕ್ಟೆಂಟ್ ಮತ್ತು ಅದರಿಂದ ಬೆಳೆದ ಸೆಕ್ಸ್‌ಟೆಂಟ್ ಸಮುದ್ರದಲ್ಲಿ ಉನ್ನತಿ ಅಳೆಯುವ ಕೆಲಸವನ್ನು ವಹಿಸಿಕೊಂಡವು. ನೆಲದ ಮೇಲಿನ ಆಸ್ಟ್ರೋಲೇಬಿನ ಜಾಗವನ್ನು ಲೋಲಕದ ಗಡಿಯಾರ ಮತ್ತು ಅಚ್ಚಾದ ಪಂಚಾಂಗಗಳು ತುಂಬಿದವು.

ಹಳೆಯ ಯಂತ್ರವೊಂದರ ಕಾಲವನ್ನು ಅಂದಾಜು ಮಾಡಲು ಅದರ ನಕ್ಷತ್ರಪತ್ರವೇ ನೆರವಾಗುತ್ತದೆ. ಭೂಮಿಯ ಅಕ್ಷದ ದಿಕ್ಕು ನಿಧಾನವಾಗಿ ಬದಲಾಗುವ ಅಯನಚಲನೆಯಿಂದ, ಕ್ರಾಂತಿವೃತ್ತದ ಉದ್ದಕ್ಕೆ ಅಳೆಯುವ ನಕ್ಷತ್ರಗಳ ರೇಖಾಂಶ ಸುಮಾರು 72 ವರ್ಷಕ್ಕೆ ಒಂದು ಅಂಶದಷ್ಟು ಸರಿಯುವುದರಿಂದ, ಮುಳ್ಳುಗಳು ಕ್ರಾಂತಿವೃತ್ತಕ್ಕೆ ಹೋಲಿಸಿದಂತೆ ಎಲ್ಲಿವೆ ಎಂಬುದು ಯಾವ ಕಾಲದ ಆಕಾಶಕ್ಕಾಗಿ ಅವನ್ನು ಕೊರೆದರು ಎಂಬುದನ್ನು ಸೂಚಿಸುತ್ತದೆ. ಕುಶಲಕರ್ಮಿಗಳು ಹಳೆಯ ಕೋಷ್ಟಕಗಳನ್ನೇ ನಕಲು ಮಾಡುತ್ತಿದ್ದುದೂ ಉಂಟು, ಹಾಗಾಗಿ ಈ ಸೂಚನೆಯನ್ನು ಯಂತ್ರದ ಮೇಲಿನ ಲಿಪಿ, ಊರುಗಳ ಹೆಸರು ಮತ್ತು ಕೆತ್ತನೆಯ ಶೈಲಿಯೊಂದಿಗೆ ತಾಳೆ ನೋಡಿಯೇ ಕಾಲವನ್ನು ನಿರ್ಧರಿಸಬೇಕಾಗುತ್ತದೆ.